ಬಿಟ್ಟಿ ಯಾರದು?

ಹೋದ ದೀಪಾವಳಿಗೆ ಪುಣೆಯಿಂದ ಊರಿಗೆ ಹೋಗಿದ್ದೆ. ನಮ್ಮದು ರಾಯಚೂರು ಕಡೆಯ ಹಳ್ಳಿ. ಅಕ್ಕನ ಮನೆಗೆ ಹೋಗಿದ್ದ ಅವ್ವ ಆ ಸಂಜೆ ಕೆಂಪು ಬಸ್ಸಿನಿಂದ ಇಳಿದು ಮನೆಗೆ ಬಂದಳು. ಕರ್ನಾಟಕದಲ್ಲಿ 2023ರ ಜೂನ್‌ನಿಂದ ಹೆಣ್ಣುಮಕ್ಕಳಿಗೆ ಸರ್ಕಾರಿ ಬಸ್ಸಿನಲ್ಲಿ ಟಿಕೆಟ್ಟಿನ ದುಡ್ಡು ಇಲ್ಲವಲ್ಲ, ನಾನು ನಗುತ್ತ "ಏನವ್ವ, ಬಿಟ್ಟಿ ಬಸ್ಸಿನಾಗ ಬಂದ್ಯಾ?" ಅಂದೆ.

ಅವಳು ಚೀಲ ಕೆಳಗಿಟ್ಟಳು. "ಐವತ್ತು ವರ್ಷ ಈ ಮನ್ಯಾಗ ಬಿಟ್ಟಿ ಚಾಕರಿ ಮಾಡೀನಿ. ಅದರ ಲೆಕ್ಕ ಯಾರೂ ಇಟ್ಟಿಲ್ಲ. ಬಸ್ಸಿಂದು ಮಾತ್ರ ಲೆಕ್ಕ ಇಡ್ತೀಯೇನಪಾ?" ಅಂದು ಒಳಗೆ ಹೋದಳು.

ನನಗೆ ಉತ್ತರ ಹೊಳೆಯಲಿಲ್ಲ. ಆದರೆ ಆ ಎರಡು ಮಾತಿನಲ್ಲಿ ಒಂದೇ ಪದ ಎರಡು ಕಡೆಗೆ ಮುಖ ಮಾಡಿ ನಿಂತದ್ದು ಮನಸ್ಸಿನಲ್ಲಿ ಉಳಿಯಿತು. ನನ್ನ ಬಾಯಲ್ಲಿ ಬಿಟ್ಟಿ ಅಂದರೆ ದುಡ್ಡು ಕೊಡದೆ ಪಡೆದದ್ದು. ಅವ್ವನ ಬಾಯಲ್ಲಿ ಬಿಟ್ಟಿ ಅಂದರೆ ಕೂಲಿ ಪಡೆಯದೆ ದುಡಿದದ್ದು. ಇವೆರಡರಲ್ಲಿ ಹಳೆಯದು ಯಾವುದು ಎಂದು ಹುಡುಕುತ್ತ ಹೋದಾಗ ತಿಳಿಯಿತು, ಅವ್ವನದೇ ಹಳೆಯದು. ಸುಮಾರು ಎರಡು ಸಾವಿರ ವರ್ಷದಷ್ಟು ಹಳೆಯದು.

ಬಿಟ್ಟಿ ಎನ್ನುವುದು ಸಂಸ್ಕೃತದ 'ವಿಷ್ಟಿ'ಯ ತದ್ಭವ. ವನ ಬನವಾದಂತೆ ವಕಾರ ಬಕಾರವಾಗಿದೆ. ಹೊಯ್ಸಳ ದೊರೆ ಬಿಟ್ಟಿದೇವನ ಹೆಸರು ನೆನಪಾದೀತು. ಅದಕ್ಕೂ ಇದಕ್ಕೂ ಸಂಬಂಧವಿಲ್ಲ, ಅಲ್ಲಿ 'ವಿಷ್ಣು' ಬಿಟ್ಟಿಯಾಗಿದೆ. ದೇವರ ಹೆಸರೂ ಕೂಲಿಯಿಲ್ಲದ ದುಡಿತದ ಹೆಸರೂ ಕನ್ನಡದಲ್ಲಿ ಒಂದೇ ರೂಪಕ್ಕೆ ಬಂದು ನಿಂತವು, ಅಷ್ಟೆ.

ವಿಷ್ಟಿ ಅಂದರೆ ಆಳುವವನಿಗೆ ಪ್ರಜೆ ಮೈಮುರಿದು ಸಲ್ಲಿಸಬೇಕಾದ ಕೆಲಸ. ದವಸದಲ್ಲಿ ಕೊಡುವ ತೆರಿಗೆ, ಹಣದಲ್ಲಿ ಕೊಡುವ ತೆರಿಗೆ ಇದ್ದಂತೆ ಇದು ಬೆವರಿನಲ್ಲಿ ಕೊಡುವ ತೆರಿಗೆ. ಕೌಟಿಲ್ಯನ ಅರ್ಥಶಾಸ್ತ್ರವು ಸೈನ್ಯದ ವಿಷ್ಟಿಯವರು ಏನೇನು ಮಾಡಬೇಕೆಂದು ಪಟ್ಟಿ ಕೊಡುತ್ತದೆ: ಬಿಡಾರ, ದಾರಿ, ಸೇತುವೆ, ಬಾವಿ, ನದಿ ದಾಟುವ ಕಡವುಗಳನ್ನು ಸರಿಪಡಿಸಬೇಕು. ಯಂತ್ರ, ಆಯುಧ, ಕವಚ, ಮೇವು ಹೊರಬೇಕು. ಕಾಳಗ ನಡೆದ ಜಾಗದಿಂದ ಆಯುಧಗಳನ್ನೂ ಗಾಯಗೊಂಡವರನ್ನೂ ಎತ್ತಿ ತರಬೇಕು. ಯುದ್ಧ ಗೆದ್ದವನ ಹೆಸರು ಶಾಸನದಲ್ಲಿ ಉಳಿಯುತ್ತದೆ, ಗಾಯಾಳುವನ್ನು ಹೊತ್ತು ತಂದವನದು ಉಳಿಯುವುದಿಲ್ಲ. ಮನುಸ್ಮೃತಿಯಂತೂ ಕುಶಲಕರ್ಮಿಗಳು ಮತ್ತು ಮೈದುಡಿತದಿಂದ ಬದುಕುವ ಶೂದ್ರರು ತಿಂಗಳಿಗೆ ಒಂದು ದಿನ ರಾಜನಿಗಾಗಿ ದುಡಿಯಬೇಕು ಎನ್ನುತ್ತದೆ.

ಗುಜರಾತಿನ ಜುನಾಗಢದ ಬಳಿ ಗಿರ್ನಾರಿನ ಬಂಡೆಯ ಮೇಲೆ ಕ್ಷತ್ರಪ ರುದ್ರದಾಮನ ಶಾಸನವಿದೆ. ಕಾಲ ಕ್ರಿ.ಶ. 150ರ ಸುಮಾರು. ಬಿರುಗಾಳಿ ಮಳೆಗೆ ಸುದರ್ಶನ ಎಂಬ ಕೆರೆಯ ಏರಿ ಒಡೆದುಹೋಯಿತು, ರಾಜ ಅದನ್ನು ಮತ್ತೆ ಕಟ್ಟಿಸಿದ ಎನ್ನುವುದು ಅದರ ವಿಷಯ. ಇದಕ್ಕಾಗಿ ಪಟ್ಟಣದವರನ್ನೂ ಹಳ್ಳಿಯವರನ್ನೂ ತೆರಿಗೆ, ವಿಷ್ಟಿ, ಬಲವಂತದ ಕಾಣಿಕೆಗಳಿಂದ ಪೀಡಿಸಲಿಲ್ಲ, ತನ್ನ ಬೊಕ್ಕಸದ ಹಣವನ್ನೇ ಹಾಕಿದ ಎಂದು ಆತ ಹೆಮ್ಮೆಯಿಂದ ಬರೆಸಿಕೊಂಡಿದ್ದಾನೆ. ಈ ಹೆಮ್ಮೆಯನ್ನು ತಿರುಗಿಸಿ ಓದಬೇಕು. ವಿಷ್ಟಿ ಹಿಡಿಯದೆ ಕೆರೆ ಕಟ್ಟಿಸಿದ್ದು ಬಂಡೆಯ ಮೇಲೆ ಕೆತ್ತಿಸುವಷ್ಟು ದೊಡ್ಡ ಸಂಗತಿಯಾಗಿದ್ದರೆ, ಉಳಿದ ಕೆರೆಗಳು ಹೇಗೆ ಎದ್ದವು?

ಈ ಪದದ ಇತಿಹಾಸವೇ ಹೀಗೆ. ವಿಷ್ಟಿಯ ಸುದ್ದಿ ನಮಗೆ ಹೆಚ್ಚಾಗಿ ಸಿಗುವುದು ಅದರಿಂದ ವಿನಾಯಿತಿ ಕೊಟ್ಟ ಕಾಗದಗಳಲ್ಲಿ. ವಿದರ್ಭವನ್ನು ಆಳಿದ ವಾಕಾಟಕರ ತಾಮ್ರಪಟಗಳು ಹಳ್ಳಿಯೊಂದನ್ನು ದಾನ ಕೊಡುವಾಗ ಅದಕ್ಕೆ ಎಲ್ಲ ಬಗೆಯ ವಿಷ್ಟಿಯಿಂದ 'ಪರಿಹಾರ' ಉಂಟು ಎನ್ನುತ್ತವೆ. ವಿಜಯನಗರ ಕಾಲದ ಕನ್ನಡ ದಾನಶಾಸನಗಳಲ್ಲಿ ಮಾಫಿಯಾದ ಬಾಬತ್ತುಗಳ ಸಾಲಿನಲ್ಲಿ ಕಾಣಿಕೆ, ಕಡ್ಡಾಯದ ಜೊತೆ ಬಿಟ್ಟಿಯೂ ಕೂತಿರುತ್ತದೆ. ಕಾಣಿಕೆ ಇಂದು ದೇವರ ಹುಂಡಿಗೆ ಹೋಗಿದೆ. ಕಡ್ಡಾಯ ಹೆಲ್ಮೆಟ್ಟಿಗೆ ಅಂಟಿಕೊಂಡಿದೆ. ಒಂದು ಕಾಲಕ್ಕೆ ಇವೆಲ್ಲ ರೈತನ ಮನೆಬಾಗಿಲಿಗೆ ಬಂದು ನಿಲ್ಲುತ್ತಿದ್ದ ಹೆಸರುಗಳು. ದಾನ ಪಡೆದವರಿಗೆ ಬಿಟ್ಟಿಯ ಕಾಟವಿಲ್ಲ ಎಂದರೆ ಆ ಹಳ್ಳಿಯ ದುಡಿಯುವವರಿಗೂ ತಪ್ಪಿತು ಎಂದೇನೂ ಅರ್ಥವಲ್ಲ. ರಾಜನಿಗೆ ಸಲ್ಲುತ್ತಿದ್ದ ದುಡಿಮೆ ಈಗ ಹೊಸ ಒಡೆಯನಿಗೆ ಸಲ್ಲುತ್ತಿತ್ತು ಎಂದು ಇತಿಹಾಸಕಾರ ಆರ್. ಎಸ್. ಶರ್ಮಾರಂಥವರು ವಾದಿಸಿದ್ದಾರೆ.

ಈಗ ನಮ್ಮ ಊರುಗಳಿಗೆ ಬರೋಣ. ನಮ್ಮ ಅಂದರೆ, ಕೆಲಸ ಹುಡುಕಿಕೊಂಡು ನಾವು ಬಂದು ಸೇರಿದ ಊರುಗಳಿಗೆ. ನಾನು ನೌಕರಿಯ ಮೇಲೆ ಚೆನ್ನೈ, ಹೈದರಾಬಾದು ಮುಗಿಸಿ ಪುಣೆಗೆ ಬಂದವನು. ಮೂರೂ ಕಡೆ ಈ ಪದ ನನ್ನ ಕಿವಿಗೆ ಬಿದ್ದಿತ್ತು. ನಮ್ಮದೇ ಪದ ಎಂದು ಗುರುತಾಗಿರಲಿಲ್ಲ.

ಚೆನ್ನೈಯಲ್ಲಿ ರೂಮಿನ ಗೆಳೆಯ ಭಾನುವಾರ ಫೋನ್ ಮಾಡಿ ಕೇಳುತ್ತಿದ್ದ, "ವೆಟ್ಟಿಯಾ ಇರುಕ್ಕಿಯಾ?" ಸುಮ್ಮನೆ ಕೂತಿದ್ದೀಯಾ, ಕೆಲಸವಿಲ್ಲವಾ ಎಂದು. ಕಾಡುಹರಟೆಗೆ ಅಲ್ಲಿ ವೆಟ್ಟಿಪ್ಪೇಚ್ಚು ಎನ್ನುತ್ತಾರೆ. ಆದರೆ ಚೋಳರ ಕಾಲದ ತಮಿಳು ಶಾಸನಗಳಲ್ಲಿ ಮತ್ತೆ ಮತ್ತೆ ಬರುವ 'ವೆಟ್ಟಿ' ಕೂಲಿಯಿಲ್ಲದೆ ಮಾಡಲೇಬೇಕಾದ ಊರ ಕೆಲಸ. ಅಷ್ಟು ಬೆವರಿನ ಪದಕ್ಕೂ ಸೋಮಾರಿಯ ಪದಕ್ಕೂ ಒಂದೇ ರೂಪ. ಎರಡರ ನಡುವಿನ ದಾರಿ ದೂರವಿರಲಾರದು ಎಂದು ನನಗನ್ನಿಸುತ್ತದೆ. ಕೂಲಿ ಹುಟ್ಟದ ಕೆಲಸ, ಫಲವಿಲ್ಲದ ಕೆಲಸ, ಕೊನೆಗೆ ಕೆಲಸವೇ ಅಲ್ಲದ್ದು. ಹಣ ಕೊಡದ ದುಡಿಮೆಯನ್ನು ಜಗತ್ತು ದುಡಿಮೆ ಎಂದು ಲೆಕ್ಕಕ್ಕೆ ಹಿಡಿಯುವುದಿಲ್ಲ. ಅವ್ವನ ದೂರೂ ಇದೇ ಅಲ್ಲವೆ?

ಹೈದರಾಬಾದಿನಲ್ಲಿ ಈ ಪದವನ್ನು ಹಗುರವಾಗಿ ಆಡುವಂತಿಲ್ಲ. 'ವೆಟ್ಟಿ ಚಾಕಿರಿ' ಎಂದರೆ ತೆಲಂಗಾಣಕ್ಕೆ ನಿಜಾಮರ ಕಾಲದ ದೇಶಮುಖರ, ಜಾಗೀರದಾರರ ನೆನಪು. ಹೋರಾಟದ ಮುಂದಾಳು ಪುಚ್ಚಲಪಲ್ಲಿ ಸುಂದರಯ್ಯನವರು 1972ರ ತಮ್ಮ ಪುಸ್ತಕದಲ್ಲಿ ವಿವರಿಸಿದಂತೆ, ಪ್ರತಿ ಜಾತಿಗೂ ಅದರದೇ ವೆಟ್ಟಿ ಇತ್ತು. ಕುಂಬಾರ, ಅಗಸ, ಕ್ಷೌರಿಕ, ಈಚಲು ಇಳಿಸುವವ, ಕುರಿ ಕಾಯುವವ ಎಲ್ಲರೂ ದೊರೆಯ ಗಡಿಗೆ ತಮ್ಮ ಪಾಲು ಸಲ್ಲಿಸಬೇಕು. ದಲಿತರ ಮನೆಯಿಂದ ಒಬ್ಬ ಆಳು ಯಾವಾಗಲೂ ಓಡಾಟದ ಚಾಕರಿಗೆ ತಯಾರಿರಬೇಕು. 1946ರ ಜುಲೈ 4ರಂದು ಕಡವೆಂಡಿಯಲ್ಲಿ ವಿಸ್ನೂರಿನ ದೇಶಮುಖನ ಕಡೆಯವರ ಗುಂಡಿಗೆ ದೊಡ್ಡಿ ಕೊಮರಯ್ಯ ಬಲಿಯಾದ ಮೇಲೆ ಹೊತ್ತಿಕೊಂಡ ರೈತ ಹೋರಾಟದ ಮೊದಲ ಬೇಡಿಕೆಗಳಲ್ಲಿ ವೆಟ್ಟಿ ನಿಲ್ಲಬೇಕೆಂಬುದೂ ಒಂದು. ಬೀದರ, ಕಲಬುರಗಿ, ರಾಯಚೂರು ಅದೇ ನಿಜಾಮರ ರಾಜ್ಯದಲ್ಲಿದ್ದವು. ನಮ್ಮ ಅಜ್ಜ "ಬಂಡಿ ಕಟ್ಟು ಅಂದ್ರ ಕಟ್ಟಬೇಕಿತ್ತು, ಎತ್ತು ಸತ್ರ ನಮ್ಮದು ಸತ್ತಂಗ" ಎಂದು ಹೇಳುತ್ತಿದ್ದ. ಆಗ ಅದು ಅಜ್ಜನ ಕಾಲದ ಕತೆ ಎಂದುಕೊಂಡು ಕೇಳಿದ್ದೆ.

ಪುಣೆ, ಮುಂಬೈಯಲ್ಲಿ ಈ ಪದ ಪೇಪರಿನ ತಲೆಬರಹದಲ್ಲಿ ಸಿಗುತ್ತದೆ. ರಿಕ್ಷಾ ಮುಷ್ಕರವಾದರೆ ಪ್ರಯಾಣಿಕರನ್ನು 'ವೇಠೀಸ್ ಧರಲೇ' ಎಂದು ಬರೆಯುತ್ತಾರೆ. ಒತ್ತೆ ಹಿಡಿದರು, ಗೋಳು ಹೊಯ್ದುಕೊಂಡರು ಎಂಬ ಭಾವ. ವೇಠ ಎಂಬುದು ನಮ್ಮ ಬಿಟ್ಟಿಯೇ. ವೇಠಿಗೆ ಹಿಡಿಯುವುದು ಎಂದರೆ ಹಾದಿಯಲ್ಲಿ ಹೋಗುವವನನ್ನು ಹಿಡಿದು ಹೊರೆ ಹೊರಿಸುವುದು. ಒಂದು ತಮಾಷೆ ನೋಡಿ, ದುಡಿಯುವವರು ಕೂಲಿಗಾಗಿ ಕೆಲಸ ನಿಲ್ಲಿಸಿದಾಗ ವೇಠಿಗೆ ಹಿಡಿದವರು ಅವರೇ ಎಂದಾಗುತ್ತದೆ! ಮಹಾರ ವತನದಾರರು ಪುಡಿಗಾಸಿನ ಇನಾಮಿಗೆ ಸರ್ಕಾರದ ಕೆಲಸಕ್ಕೆ ಹಗಲು ರಾತ್ರಿ ಕರೆ ಬಂದಾಗ ಓಡಬೇಕಾದ ಪದ್ಧತಿಯನ್ನು ಮುರಿಯಲು ಡಾ. ಅಂಬೇಡ್ಕರ್ 1928ರಲ್ಲಿ ಬಾಂಬೆ ವಿಧಾನ ಪರಿಷತ್ತಿನಲ್ಲಿ ಮಸೂದೆ ತಂದರು. 1874ರ ವತನ ಕಾಯ್ದೆಯ ತಿದ್ದುಪಡಿ ಅದು. ಧಾರವಾಡ, ಬೆಳಗಾವಿ, ವಿಜಯಪುರ ಆಗ ಅದೇ ಪ್ರಾಂತ್ಯದಲ್ಲಿದ್ದವು ಎಂಬುದನ್ನು ಇಲ್ಲಿ ನೆನೆಯಬೇಕು. ಮುಂದೆ ಕರ್ನಾಟಕದಲ್ಲಿ ವಂಶಪಾರಂಪರ್ಯದ ಗ್ರಾಮ ಹುದ್ದೆಗಳು ರದ್ದಾಗಲು 1961ರ ಕಾಯ್ದೆ ಬರಬೇಕಾಯಿತು.

ಮುಂಬೈಯ ಗುಜರಾತಿಗಳ ಬಾಯಲ್ಲಿ ಇನ್ನೊಂದು ನುಡಿಗಟ್ಟಿದೆ. ಕಾಟಾಚಾರಕ್ಕೆ ಕೆಲಸ ಮಾಡಿ ಕೈತೊಳೆದುಕೊಂಡರೆ 'ವೇಠ ಉತಾರವಿ', ಬಿಟ್ಟಿ ಇಳಿಸಿದ ಎನ್ನುತ್ತಾರೆ. ದಿಲ್ಲಿಯ ಕಡೆ ಇದೇ ಅರ್ಥಕ್ಕೆ 'ಬೇಗಾರ್ ಟಾಲ್‌ನಾ' ಇದೆ. ಬೇಗಾರ್ ಪಾರಸಿ ಪದ, ನಮ್ಮಲ್ಲಿ ಬಿಟ್ಟಿಯ ಜೊತೆ ಸೇರಿ 'ಬಿಟ್ಟಿ ಬೇಗಾರಿ' ಆಗಿದೆ. ಕೂಲಿ ಕೊಡದವನಿಗೆ ಮನಸ್ಸಿಟ್ಟು ಯಾರು ಮಾಡುತ್ತಾರೆ? ಒಡೆಯ ಅದನ್ನು ಮೈಗಳ್ಳತನ ಎಂದ. ದುಡಿಯುವವನಿಗೆ ಉಳಿದಿದ್ದ ಒಂದೇ ಪ್ರತಿಭಟನೆ ಅದಾಗಿತ್ತು.

ಬಹಿರಂಗದ ಪ್ರತಿಭಟನೆಯೂ ನಡೆದದ್ದುಂಟು. ಈಗಿನ ಉತ್ತರಾಖಂಡದ ಬಾಗೇಶ್ವರದಲ್ಲಿ 1921ರ ಮಕರ ಸಂಕ್ರಾಂತಿ ಜಾತ್ರೆಗೆ ಕುಮಾವೂಂ ಬೆಟ್ಟದ ಜನ ನೆರೆದರು. ಬ್ರಿಟಿಷ್ ಅಧಿಕಾರಿಗಳ ಸಾಮಾನು ಹೊರಲು ಸರದಿಯ ಹೆಸರು ಬರೆದಿಡುತ್ತಿದ್ದ ದಫ್ತರಗಳನ್ನು ಸರಯೂ ನದಿಗೆ ಎಸೆದರು. ನಮ್ಮ ಮನೆಗಳಲ್ಲಿ ಎಳ್ಳು ಬೆಲ್ಲ ಹಂಚುವ ಹಬ್ಬದಂದು ಅಲ್ಲಿ ಬಿಟ್ಟಿಯ ಲೆಕ್ಕ ನೀರುಪಾಲಾಯಿತು.

1950ರ ಸಂವಿಧಾನದ 23ನೇ ವಿಧಿ ಬಲವಂತದ ದುಡಿಮೆಯನ್ನು ನಿಷೇಧಿಸಿತು. ಇಂಗ್ಲಿಷ್ ಪಾಠದಲ್ಲೂ 'ಬೇಗಾರ್' ಎಂಬ ಪದವನ್ನು ಅನುವಾದಿಸದೆ ಹಾಗೆಯೇ ಇಟ್ಟಿದ್ದಾರೆ. 1976ರ ಜೀತ ಪದ್ಧತಿ ನಿರ್ಮೂಲನ ಕಾಯ್ದೆ ದೇಶದ ನಾನಾ ಭಾಗಗಳ ಬಲವಂತದ ದುಡಿಮೆಯ ಹೆಸರುಗಳನ್ನು ಪಟ್ಟಿ ಮಾಡಿದೆ. ಅದರಲ್ಲಿ ಜೀತವೂ ಇದೆ, ವೆಟ್ಟಿಯೂ ಇದೆ. 1982ರಲ್ಲಿ ದಿಲ್ಲಿಯ ಏಷ್ಯನ್ ಕ್ರೀಡಾಕೂಟದ ಕಟ್ಟಡ ಕಾರ್ಮಿಕರ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಕನಿಷ್ಠ ಕೂಲಿಗಿಂತ ಕಡಿಮೆಗೆ ದುಡಿಸಿದರೂ ಅದು ಬಲವಂತದ ದುಡಿಮೆಯೇ, ಹಸಿವೂ ಒಂದು ಬಲವಂತವೇ ಎಂದಿತು. ಶನಿವಾರ ಲ್ಯಾಪ್‌ಟಾಪ್ ತೆರೆದಾಗ ನಾವೂ ಬಿಟ್ಟಿ ಚಾಕರಿ ಎಂದು ಗೊಣಗುತ್ತೇವೆ. ಗೊಣಗಲಿ, ತಪ್ಪಿಲ್ಲ. ಆದರೆ ನಾವು ಬೇರೆ ನೌಕರಿ ಹುಡುಕಬಲ್ಲೆವು. ನಮ್ಮ ಅಪಾರ್ಟ್‌ಮೆಂಟು ಕಟ್ಟಿದವರಲ್ಲಿ ಎಷ್ಟು ಜನರಿಗೆ ಆ ಮಾತು ಹೊಂದುತ್ತದೆ?

ಹೀಗೆ ತೆಲುಗರ ಬಾಯಲ್ಲಿ ಈ ಪದದ ಗಾಯ ಹಸಿಯಾಗಿದೆ. ಮರಾಠಿಯಲ್ಲಿ ಹಿಡಿತದ ಬಲ ಉಳಿದಿದೆ. ತಮಿಳಿನಲ್ಲಿ ವ್ಯರ್ಥವೆಂಬ ಭಾವವಿದೆ. ಕನ್ನಡದಲ್ಲಿ ಏನಾಯಿತು? ಬಿಟ್ಟಿ ಕೆಲಸ ಎಂಬ ಜೋಡಿಯಿಂದ ಕೆಲಸ ಕಳಚಿಕೊಂಡಿತು. ಬೆಲೆ ಕೊಡಲಿಲ್ಲ ಎಂಬ ಅಂಶವಷ್ಟೇ ಉಳಿಯಿತು. ಬಿಟ್ಟಿ ಊಟ, ಬಿಟ್ಟಿ ಸಿನಿಮಾ, ಬಿಟ್ಟಿ ಸಲಹೆ. ಪದವನ್ನು ದುಡಿದವನ ಕಡೆಯಿಂದ ನೋಡುವುದು ಬಿಟ್ಟು ಪಡೆದವನ ಕಡೆಯಿಂದ ನೋಡತೊಡಗಿದೆವು. ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಯಾರ ಅಜ್ಜ ಮುತ್ತಜ್ಜರು ಬಿಟ್ಟಿ ದುಡಿದಿದ್ದರೋ ಅವರ ಮೊಮ್ಮಕ್ಕಳ ಪಡಿತರದ ಅಕ್ಕಿಗೆ 'ಬಿಟ್ಟಿ ಅಕ್ಕಿ' ಎಂದು ಹೆಸರಿಟ್ಟೆವು. ಯಾವ ಸರ್ಕಾರ ಯಾವ ಯೋಜನೆ ಮಾಡಬೇಕು, ದುಡ್ಡು ಎಲ್ಲಿಂದ ಬರಬೇಕು ಎಂಬ ವಾದ ಬೇಕಾದಷ್ಟು ನಡೆಯಲಿ, ನಡೆಯಬೇಕು. ಆ ವಾದಕ್ಕೆ ಈ ಪದ ಬೇಡ. ಇದು ಕೊಟ್ಟವರ ಪದ. ಪಡೆದವರನ್ನು ಹಂಗಿಸಲು ಅದನ್ನು ಎತ್ತಿಕೊಳ್ಳುವುದು ಸಾಲ ಕೊಟ್ಟವನನ್ನೇ ಸಾಲಗಾರ ಎಂದು ಕರೆದಂತೆ.

ಹಳೆಯ ಅರ್ಥ ಕನ್ನಡದಲ್ಲಿ ಪೂರ್ತಿ ಸತ್ತಿಲ್ಲ. "ನಾನೇನು ಬಿಟ್ಟಿ ಬಿದ್ದಿದೀನಾ?" "ನಿಂಗೆ ಬಿಟ್ಟಿ ಚಾಕರಿ ಮಾಡೋಕೆ ಬೇರೆ ಯಾರೂ ಸಿಗಲಿಲ್ವಾ?" ಇಂಥ ಮಾತುಗಳಲ್ಲಿ ಅದು ಉಸಿರಾಡುತ್ತಿದೆ. ಈ ಮಾತುಗಳು ನಿಮಗೆ ಹೆಚ್ಚು ಕೇಳಿಬಂದದ್ದು ಎಲ್ಲಿ, ಯಾರ ಬಾಯಲ್ಲಿ ಎಂದು ಒಮ್ಮೆ ನೆನಪಿಸಿಕೊಳ್ಳಿ. ನನಗೆ ನೆನಪಾದದ್ದು ಅಡುಗೆಮನೆ.

ರಜೆ ಮುಗಿಸಿ ಹೊರಡುವ ದಿನ ಅವ್ವ ರೊಟ್ಟಿ, ಶೇಂಗಾ ಚಟ್ನಿಯ ಬುತ್ತಿ ಕಟ್ಟಿ ಬಸ್‌ಸ್ಟ್ಯಾಂಡಿನ ತನಕ ಬಂದಳು. ಬೆಳಗಿನ ನಾಲ್ಕಕ್ಕೆ ಎದ್ದು ರೊಟ್ಟಿ ಬಡಿದಿದ್ದಳು. "ಟಿಕೀಟು ನಿನಗಷ್ಟ ಹತ್ತತೈತಿ ನೋಡಪಾ" ಎಂದು ನಕ್ಕಳು. ನಾನು ದುಡ್ಡು ಕೊಟ್ಟು ಟಿಕೆಟ್ ತೆಗೆದುಕೊಂಡೆ. ತೊಡೆಯ ಮೇಲಿದ್ದ ಬುತ್ತಿ ಇನ್ನೂ ಬಿಸಿ ಇತ್ತು. ಅದರ ಲೆಕ್ಕ ಎಲ್ಲೂ ಬರೆದಿರಲಿಲ್ಲ.