ಕಡತದ ತಲೆಯಲ್ಲಿರುವ ಇತಿಹಾಸ

ಉಡುಪಿ, ಮಣಿಪಾಲ, ಕಾಪು, ಕಾರ್ಕಳದ ಕಡೆ 2000ದ ಆಸುಪಾಸಿನಲ್ಲಿ ಕೊಂಡ ಗಣಕಗಳು ಈಗ ಅಟ್ಟ ಸೇರಿವೆ. ಅವುಗಳ ಹಾರ್ಡ್ ಡಿಸ್ಕಿನಲ್ಲೋ ಸಿ.ಡಿ.ಯಲ್ಲೋ ನಿಮ್ಮ ಮನೆತನದ ವಂಶಾವಳಿ, ಅಜ್ಜ ಟೈಪು ಮಾಡಿಸಿದ ಯಕ್ಷಗಾನ ಪ್ರಸಂಗ ಇನ್ನೂ ಉಳಿದಿರಬಹುದು. ಆದರೆ ಕಣ್ಣಿಗೆ ಬೀಳುವುದು ‘ಬಿಎಕೆ’, ‘ಬಿಕೆಎಫ್’ ಎಂಬ ಬಾಲದ ಅಪರಿಚಿತ ಕಡತಗಳು. ಅಳಿಸಬೇಡಿ. ಮೊದಲು ಪ್ರತಿ ಮಾಡಿಕೊಂಡು, ಪ್ರತಿಯನ್ನಷ್ಟೇ ಪರೀಕ್ಷಿಸಿ.

‘ಬಿಎಕೆ’ ವರ್ಡ್‌ಸ್ಟಾರ್ ಕಾಲದ ರೂಢಿ: ತಿದ್ದಿದ ಬರಹವನ್ನು ಉಳಿಸಿದಾಗ ಹಿಂದಿನ ಪ್ರತಿಗೆ ಈ ಬಾಲ. ಮುಂದೆ ಹಲವು ತಂತ್ರಾಂಶಗಳು ಇದನ್ನೇ ಬಳಸಿದ್ದರಿಂದ ಒಳಗಿರುವುದು ಏನೆಂದು ಬಾಲ ಹೇಳದು; ತಲೆಯನ್ನು ನೋಡಬೇಕು. ಹೆಕ್ಸ್ ಎಡಿಟರಿನಲ್ಲಿ ತೆರೆದಾಗ ಮೊದಲ ಎರಡು ಅಕ್ಷರ ‘ಪಿ’, ‘ಕೆ’ ಆಗಿದ್ದರೆ ಅದು ಜಿಪ್ ಕಡತ. 1989ರಲ್ಲಿ ಆ ವಿನ್ಯಾಸ ರೂಪಿಸಿದ ಫಿಲ್ ಕಾಟ್ಜ್ ಅವರ ಹೆಸರಿನ ಮೊದಲಕ್ಷರಗಳವು. ‘ಬಿಕೆಎಫ್’ ಕಡತವೋ ‘ಟಿ-ಎ-ಪಿ-ಇ’ ಎಂದು ಆರಂಭವಾಗುತ್ತದೆ. ವಿಂಡೋಸ್ ಎನ್‌ಟಿಯ ಬ್ಯಾಕಪ್ ತಂತ್ರಾಂಶ ಬರೆಯುತ್ತಿದ್ದುದು ಕಾಂತಪಟ್ಟಿಗೆ, ಅಂದರೆ ಟೇಪಿಗೆ. ಡಿಸ್ಕಿಗೆ ಬಂದ ಮೇಲೂ ಹೆಸರು ಹೋಗಲಿಲ್ಲ. 2007ರಲ್ಲಿ ಮಾರುಕಟ್ಟೆಗೆ ಬಂದ ವಿಸ್ಟಾದಿಂದ ಈ ತಂತ್ರಾಂಶವನ್ನೇ ಕೈಬಿಟ್ಟರು. ಹಳೆಯ ಎಕ್ಸ್‌ಪಿ ಗಣಕ ನಡೆಯುತ್ತಿದ್ದರೆ ಅದರಲ್ಲೇ ಬಿಚ್ಚುವುದು ಸುಲಭ.

ಬಿಚ್ಚಿದ ಮೇಲೆ ಎರಡನೆಯ ಬೀಗ. ಕನ್ನಡದ ಬದಲು ರೋಮನ್ ಅಕ್ಷರಗಳ ಕಲಸುಮೇಲೋಗರ! ತಲೆಯ ಮೇಲೆ ಓರೆಗೆರೆಯುಳ್ಳ ‘ಎ’ ಮತ್ತೆ ಮತ್ತೆ ಕಂಡರೆ ಸಂತೋಷಪಡಿ: ಅದು ಬಹುಮಟ್ಟಿಗೆ ‘ನುಡಿ’ಯ ತಲೆಕಟ್ಟು. ನುಡಿಯ ಹಳೆಯ ಫಾಂಟುಗಳಲ್ಲಿ 192ನೆಯ ಸಂಕೇತಕ್ಕೆ ತಲೆಕಟ್ಟಿನ ಚಿತ್ರವಿತ್ತು. ಫಾಂಟು ಇಲ್ಲದ ಗಣಕ ಅಲ್ಲಿ ರೋಮನ್ ಅಕ್ಷರ ತೋರಿಸುತ್ತದೆ. (ನುಡಿಯ ಕೀಲಿಮಣೆಗೆ ಆಧಾರವಾದ ವಿನ್ಯಾಸ ಕಿನ್ನಿಕಂಬಳದ ಕೆ. ಪಿ. ರಾಯರದು. ಅದು ಇಂದಿಗೂ ಬಳಕೆಯಲ್ಲಿದೆ. ಬದಲಾದದ್ದು ಒಳಗಿನ ಸಂಕೇತ ಮಾತ್ರ.) 1991ರ ಯೂನಿಕೋಡ್ ಮೊದಲ ಆವೃತ್ತಿಯಲ್ಲೇ ಕನ್ನಡಕ್ಕೆ ಸ್ಥಾನವಿತ್ತು. ಆದರೂ ನಮ್ಮ ಡಿಟಿಪಿ ಅಂಗಡಿಗಳು ಬಹುಕಾಲ ಹಳೆಯ ಫಾಂಟುಗಳನ್ನೇ ನೆಚ್ಚಿದ್ದವು. ಪುಟ ವಿನ್ಯಾಸದ ತಂತ್ರಾಂಶಗಳು ಯೂನಿಕೋಡ್ ಕನ್ನಡವನ್ನು ಸರಿಯಾಗಿ ಮೂಡಿಸದೆ ಇದ್ದಾಗ ಅವರನ್ನು ದೂರಿ ಫಲವೇನು?

ಪರಿವರ್ತಕ ತಂತ್ರಾಂಶದಿಂದ ಯೂನಿಕೋಡಿಗೆ ತಂದ ಬಳಿಕ ‘ಕಾರ್ಕಳ’ದಂಥ ಪದವನ್ನು ಹುಡುಕಿ ನೋಡಿ. ನುಡಿಯಲ್ಲಿ ಅರ್ಕಾವೊತ್ತಿನ ಸಂಕೇತ ಕಣ್ಣಿಗೆ ಕಾಣುವಂತೆ ಎರಡನೆಯ ‘ಕ’ದ ನಂತರ ಬರುತ್ತದೆ, ಯೂನಿಕೋಡಿನಲ್ಲಿ ಉಚ್ಚಾರದಂತೆ ‘ರ್’ ಮೊದಲು. ಪರಿವರ್ತಕ ಎಡವುವುದು ಇಂಥಲ್ಲೇ. ಕಾರ್ಕಳ ಸರಿಯಾಗಿ ಬಂದಿದ್ದರೆ ಉಳಿದ ಪುಟಗಳನ್ನು ಧೈರ್ಯವಾಗಿ ಓದಲು ತೊಡಗಬಹುದು.