ನಿಜಾಮನ ಸೀಮೆಯಲ್ಲೊಬ್ಬ ಬಣ್ಣದವ: ಧೀರೇನ್ ಗಂಗೂಲಿಯ ಹೈದರಾಬಾದ್ ದಿನಗಳು

ಕನ್ನಡ ಸಿನಿಮಾದ ಚರಿತ್ರೆ ಅಂದ ಕೂಡಲೆ ನಾವು 1934ರ ‘ಸತಿ ಸುಲೋಚನ’ದಿಂದ ಶುರು ಮಾಡತೀವಿ. ಬೆಂಗಳೂರಿನಿಂದ ನೋಡಿದರೆ ಅದು ಸರಿ. ಮಾಕಣಿಯಿಂದ ನೋಡಿದರೆ? ಉಮರ್ಗಾ, ನಿಲಂಗಾ, ಉದಗೀರ ಭಾಗದ ಕನ್ನಡಿಗರು 1948ರ ತನಕ ನಿಜಾಮ ಸಂಸ್ಥಾನದವರು. ಅವರ ರಾಜಧಾನಿ ಹೈದರಾಬಾದ್. ಅಲ್ಲಿ 1922ರಲ್ಲೇ ಲೋಟಸ್ ಫಿಲ್ಮ್ ಕಂಪನಿ ಇತ್ತು. ಅದನ್ನು ಕಟ್ಟಿದವರು ಧೀರೇಂದ್ರನಾಥ ಗಂಗೂಲಿ ಎಂಬ ಬಂಗಾಳಿ ಚಿತ್ರಕಾರ.

ಗಂಗೂಲಿ (1893–1978) ಮೊದಲು ಹೈದರಾಬಾದಿಗೆ ಬಂದದ್ದು ಚಿತ್ರಕಲಾ ಶಾಲೆಯ ಮುಖ್ಯಸ್ಥರಾಗಿ. ತಾವೇ ನಾನಾ ವೇಷ ಹಾಕಿಕೊಂಡು ತೆಗೆಸಿದ ಫೋಟೋಗಳ ಪುಸ್ತಕವನ್ನೂ ಪ್ರಕಟಿಸಿದ್ದರು. ಕಲ್ಕತ್ತೆಯಲ್ಲಿ 1921ರ ‘ಬಿಲಾತ್ ಫೆರತ್’ ಚಿತ್ರಕ್ಕೆ ಕಥೆ ಬರೆದು, ನಾಯಕನಾಗಿ ನಟಿಸಿದರು. ವಿಲಾಯತಿಯಿಂದ ಮರಳಿದವನ ಡೌಲನ್ನು ಗೇಲಿ ಮಾಡುವ ಹಾಸ್ಯ ಅದು. ಆಮೇಲೆ ಹೈದರಾಬಾದಿನಲ್ಲಿ ‘ಇಂದ್ರಜಿತ್’, ‘ಲೇಡಿ ಟೀಚರ್’ ಮುಂತಾದ ಮೂಕಿ ಚಿತ್ರಗಳನ್ನು ಮಾಡಿದರು.

ಚಿತ್ರಕಾರರೇ ಸಿನಿಮಾಕ್ಕೆ ಬಂದದ್ದು ಯಾಕೆ ಅನ್ನೋದು ನನ್ನ ಮೊದಲ ಪ್ರಶ್ನೆ. ಅಂದಿನ ಫಿಲ್ಮಿಗೆ ಕೆಂಪು ಬಣ್ಣ ಕಾಣುತ್ತಿರಲಿಲ್ಲ. ಕೆಂಪು ತುಟಿ ಪರದೆಯ ಮೇಲೆ ಕಪ್ಪಾಗುತ್ತಿತ್ತು, ನೀಲಿ ಆಕಾಶ ಬೆಳ್ಳಗಾಗುತ್ತಿತ್ತು. ಮುಖಕ್ಕೆ ಯಾವ ಬಣ್ಣ, ಹಿಂದಿನ ಪರದೆಗೆ ಯಾವ ಬಣ್ಣ ಅಂತ ಲೆಕ್ಕ ಹಾಕಬಲ್ಲವನಿಗೆ ಅಲ್ಲಿ ಬೆಲೆ ಇತ್ತು. ಕೊಲ್ಹಾಪುರದಲ್ಲಿ ನಾಟಕದ ಪರದೆ ಬರೆಯುತ್ತಿದ್ದ ಬಾಬುರಾವ್ ಪೇಂಟರ್ 1920ರಲ್ಲಿ ‘ಸೈರಂಧ್ರಿ’ ಮಾಡಿದ್ದು ಇದೇ ಜಾಡಿನಲ್ಲಿ.

ಗಂಗೂಲಿಯವರ ಹೈದರಾಬಾದ್ ದಿನಗಳು 1924ರಲ್ಲಿ ಮುಗಿದವು. ಮುಂಬಯಿಯಲ್ಲಿ ತಯಾರಾದ ‘ರಜಿಯಾ ಬೇಗಂ’ ಚಿತ್ರವನ್ನು ಅವರು ತೋರಿಸಿದರು. ಮುಸ್ಲಿಂ ರಾಣಿ, ಹಿಂದೂ ಪ್ರಿಯಕರ ಅನ್ನುವ ಕಥೆ ನಿಜಾಮರಿಗೆ ಹಿಡಿಸಲಿಲ್ಲ. ಸಂಸ್ಥಾನ ಬಿಟ್ಟು ಹೋಗುವಂತೆ ಹುಕುಂ ಆಯಿತು. ಲೋಟಸ್ ಕಂಪನಿಯೂ ಅಲ್ಲಿಗೆ ನಿಂತಿತು. ಗಂಗೂಲಿ ಕಲ್ಕತ್ತೆಗೆ ಮರಳಿ ಮತ್ತೆ ಕೆಲಸ ಕಟ್ಟಿಕೊಂಡರು. 1975ರ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯೂ ಬಂತು. ಹೈದರಾಬಾದಿನ ಪಾಲಿಗೆ ಮಾತ್ರ ಆ ಕೊಂಡಿ ಕಡಿದುಹೋಯಿತು.

ಮಾಕಣಿಯವರು ಆ ಚಿತ್ರಗಳನ್ನು ನೋಡಿದರು ಅಂತ ನಾನು ಹೇಳುತ್ತಿಲ್ಲ. ನನ್ನ ವಾದ ಬೇರೆ. ಮೂಕಿ ಚಿತ್ರಕ್ಕೆ ಮಾತಿಲ್ಲ. ಭಾಷೆಯ ಗೆರೆ ಎಳೆದು ಬರೆದ ಚರಿತ್ರೆಯಲ್ಲಿ ಅದಕ್ಕೆ ಜಾಗ ಸಿಗುವುದಿಲ್ಲ. 1956ರಲ್ಲಿ ಹೈದರಾಬಾದ್ ರಾಜ್ಯ ಮೂರು ಪಾಲಾದಾಗ ಬೀದರ್ ಮೈಸೂರಿಗೆ ಬಂತು, ಅದೇ ಜಿಲ್ಲೆಯ ಉದಗೀರ, ನಿಲಂಗಾ ಮುಂಬಯಿ ಪ್ರಾಂತಕ್ಕೆ ಹೋದವು. ನೆಲದ ಜೊತೆ ನೆನಪೂ ಪಾಲಾಯಿತು: ಲೋಟಸ್ ಕಂಪನಿ ತೆಲುಗರ ಇಲ್ಲವೆ ಬಂಗಾಳಿಗಳ ಲೆಕ್ಕಕ್ಕೆ ಸೇರಿತು, ಗಡಿಯ ಕನ್ನಡಿಗರ ಲೆಕ್ಕಕ್ಕೆ ಬರಲೇ ಇಲ್ಲ. ಆದರೆ ‘ಸತಿ ಸುಲೋಚನ’ ಕೂಡ ಚಿತ್ರೀಕರಣಗೊಂಡದ್ದು ಕೊಲ್ಹಾಪುರದ ಸ್ಟುಡಿಯೋದಲ್ಲಿ. ಅದನ್ನು ನಮ್ಮದು ಅನ್ನಲು ಅಡ್ಡಿಯಾಗದ ಗಡಿ, ಲೋಟಸ್ ಕಂಪನಿಯ ಮಾತು ಬಂದಾಗ ಮಾತ್ರ ಯಾಕೆ ಅಡ್ಡ ಬರಬೇಕು? ಗಡಿನಾಡಿನ ಕನ್ನಡಿಗರ ಸಿನಿಮಾ ಚರಿತ್ರೆಯನ್ನು ಅವರು ಆಡುವ ಭಾಷೆಯಿಂದಷ್ಟೇ ಅಲ್ಲ, ಅವರು ಬದುಕಿದ ಆಳ್ವಿಕೆಯಿಂದಲೂ ಬರೆಯಬೇಕು ಅನ್ನೋದು ನನ್ನ ನಿಲುವು. ಚರ್ಚೆಗೆ ಇಷ್ಟು ಸಾಕು ಅಂದುಕೊಂಡಿದ್ದೇನೆ.