ಸರ್ಕಾರ ಉಳಿಸಿಕೊಂಡ ಬಾಕಿ

ಹೆಬ್ಬೆ, ಕೆಮ್ಮಣ್ಣುಗುಂಡಿಯ ಸೀಮೆಯವರಿಗೆ ಸರ್ಕಾರವೆಂದರೆ ಕಂದಾಯ ಎತ್ತುವ ಯಜಮಾನ ಮಾತ್ರವಲ್ಲ, ಬಹುಕಾಲದ ದೊಡ್ಡ ಗಿರಾಕಿಯೂ ಹೌದು. 1923ರಲ್ಲಿ ಭದ್ರಾವತಿಯ ಮೈಸೂರು ಕಬ್ಬಿಣದ ಕಾರ್ಖಾನೆ ಕೆಲಸ ಆರಂಭಿಸಿದಾಗ ಅದಿರು ಹೋದದ್ದು ಕೆಮ್ಮಣ್ಣುಗುಂಡಿಯಿಂದ. ಕುಲುಮೆ ಉರಿದದ್ದು ಮಲೆನಾಡಿನ ಕಾಡಿನ ಇದ್ದಿಲಿನಿಂದ. ಆಮೇಲೆ ಆಸ್ಪತ್ರೆ, ವಿದ್ಯಾರ್ಥಿನಿಲಯಗಳು ಬಂದಂತೆ ಅವುಗಳಿಗೆ ಅಕ್ಕಿ, ಬೇಳೆ, ಸೌದೆ ಒದಗಿಸುವ ವರ್ತಕರೂ ಬಂದರು.

ನನ್ನಲ್ಲಿ ಓದಿದ ಒಬ್ಬರು ಅಂಥ ವರ್ತಕರು. ಸರ್ಕಾರಿ ಸಂಸ್ಥೆಯೊಂದಕ್ಕೆ ಅಧಿಕಾರಿಯ ಬಾಯಿಮಾತಿನ ಮೇಲೆ ದಿನಸಿ ಕೊಟ್ಟರು. ಅಧಿಕಾರಿಗೆ ವರ್ಗವಾಯಿತು. ಹೊಸದಾಗಿ ಬಂದವರು “ಲಿಖಿತ ಆದೇಶವೆಲ್ಲಿ?” ಎಂದರಂತೆ. “ಮೇಷ್ಟ್ರೇ, ಉಂಡದ್ದು ನಿಜ, ಕೊಟ್ಟದ್ದು ಸುಳ್ಳೇ?” ಎಂದು ಅವರು ಕೇಳಿದರು. ಈ ಪ್ರಶ್ನೆಗೆ ನಮ್ಮ ನ್ಯಾಯಾಲಯಗಳು ಉತ್ತರ ಕೊಟ್ಟು ಆರು ದಶಕಗಳು ಕಳೆದಿವೆ.

ಮೊದಲು ಕಾನೂನಿನ ಕಷ್ಟವನ್ನು ಹೇಳಬೇಕು. ಸಂವಿಧಾನದ 299ನೆಯ ಅನುಚ್ಛೇದದಂತೆ ರಾಜ್ಯ ಸರ್ಕಾರದ ಕರಾರು ರಾಜ್ಯಪಾಲರ ಹೆಸರಿನಲ್ಲಿದ್ದು, ಅಧಿಕಾರ ಪಡೆದವರೇ ಅದಕ್ಕೆ ಸಹಿ ಮಾಡಿರಬೇಕು. 1935ರ ಭಾರತ ಸರ್ಕಾರದ ಅಧಿನಿಯಮದಲ್ಲಿಯೂ ಇಂಥದೇ ವಿಧಿಯಿತ್ತು. ಸಾರ್ವಜನಿಕರ ಹಣವನ್ನು ಯಾವನೋ ಒಬ್ಬ ಅಧಿಕಾರಿ ಮಾತಿನಲ್ಲೇ ಒತ್ತೆಯಿಡಬಾರದೆಂಬುದು ಇದರ ಉದ್ದೇಶ, ಉದ್ದೇಶವೇನೋ ಒಳ್ಳೆಯದೇ. ಆದರೆ ಈ ರಕ್ಷಣೆಯ ಮರೆಯಲ್ಲಿ ನಿಂತು, ಪಡೆದ ವಸ್ತುವಿಗೂ ಹಣ ಕೊಡೆನೆನ್ನಬಹುದೇ?

1944ರಲ್ಲಿ, ಯುದ್ಧಕಾಲದ ಬಂಗಾಳದಲ್ಲಿ, ಬಿ. ಕೆ. ಮಂಡಲ್ ಅಂಡ್ ಸನ್ಸ್ ಎಂಬ ಗುತ್ತಿಗೆದಾರ ಸಂಸ್ಥೆ ಹೂಗ್ಲಿ ಜಿಲ್ಲೆಯ ಆರಾಮ್‌ಬಾಗ್‌ನಲ್ಲಿ ನಾಗರಿಕ ಸರಬರಾಜು ಇಲಾಖೆಗಾಗಿ ಕಚ್ಚಾ ರಸ್ತೆ, ಕಾವಲುಗಾರರ ಕೋಣೆ, ಅಡುಗೆಮನೆ, ಗುಮಾಸ್ತರ ಕೊಠಡಿ, ದಾಸ್ತಾನಿನ ಷೆಡ್ಡುಗಳನ್ನು ಕಟ್ಟಿಕೊಟ್ಟಿತು. ಹೇಳಿದವರು ಸ್ಥಳೀಯ ಅಧಿಕಾರಿಗಳು. ವಿಧಿಬದ್ಧ ಕರಾರು ಇರಲಿಲ್ಲ. ಇಲಾಖೆ ಎಲ್ಲವನ್ನೂ ಬಳಸಿತು, ಹಣ ಮಾತ್ರ ಕೊಡಲಿಲ್ಲ. ಬಾಕಿ ಸುಮಾರು 19 ಸಾವಿರ ರೂಪಾಯಿ. ಅಂದಿನ ಕಾಲಕ್ಕೆ ಸಣ್ಣ ಮೊತ್ತವಲ್ಲ. ಕಲ್ಕತ್ತಾ ಹೈಕೋರ್ಟಿನಲ್ಲಿ ಸೋತ ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. 1961ರ ಡಿಸೆಂಬರಿನಲ್ಲಿ ಅಲ್ಲಿಯೂ ಸೋತಿತು. ಬಹುಮತದ ತೀರ್ಪನ್ನು ಬರೆದವರು ನ್ಯಾಯಮೂರ್ತಿ ಗಜೇಂದ್ರಗಡ್ಕರ್.

ಅವರು ಆಧರಿಸಿದ್ದು 1872ರ ಕರಾರು ಅಧಿನಿಯಮದ 70ನೆಯ ಕಲಮನ್ನು. ಅದಕ್ಕೊಂದು ದೃಷ್ಟಾಂತವಿದೆ: ವ್ಯಾಪಾರಿಯೊಬ್ಬ ತಪ್ಪಿ ಒಬ್ಬರ ಮನೆಯಲ್ಲಿ ಸರಕು ಬಿಟ್ಟುಹೋದರೆ, ಆ ಮನೆಯವರು ಅದನ್ನು ತಮ್ಮದೆಂದೇ ಬಳಸಿದರೆ, ಬೆಲೆ ಕೊಡಲೇಬೇಕು. ಕೊಟ್ಟದ್ದು ನ್ಯಾಯಬದ್ಧವಾಗಿರಬೇಕು, ಧರ್ಮಕ್ಕೆ ಕೊಟ್ಟದ್ದಾಗಿರಬಾರದು, ಪಡೆದವರು ಅದರ ಪ್ರಯೋಜನ ಪಡೆದಿರಬೇಕು. ಬೇಡವೆನಿಸಿದರೆ ಸರ್ಕಾರವೂ ಸ್ವೀಕರಿಸದಿರಬಹುದು, ಹಿಂದಿರುಗಿಸಬಹುದು. ಇಲ್ಲಿ ಕರಾರು ಊರ್ಜಿತವಾಯಿತೆಂದು ನ್ಯಾಯಾಲಯ ಹೇಳಲಿಲ್ಲ. ಕರಾರು ಇಲ್ಲದೆಯೇ ಋಣವುಂಟು ಎಂದಿತು. ನನಗೆ ಈ ಸೂಕ್ಷ್ಮವೇ ತೀರ್ಪಿನ ಜೀವಾಳವೆಂದು ತೋರುತ್ತದೆ.

ನಮ್ಮ ನೆರೆಯ ತೀರ್ಥಹಳ್ಳಿಯದು ಇದಕ್ಕೆ ತಿರುಗುಮುರುಗಾದ ವ್ಯಾಜ್ಯ. ಅಲ್ಲಿ ಬಾಕಿ ಕೇಳಿದವರೇ ಸರ್ಕಾರದವರು. ಶ್ರೀ ರಾಮೇಶ್ವರ ರೈಸ್ ಮಿಲ್ಸ್ ಸರ್ಕಾರದೊಡನೆ ಮಾಡಿಕೊಂಡಿದ್ದ ಒಪ್ಪಂದದಲ್ಲಿ, ಷರತ್ತು ಮುರಿದರೆ ನಷ್ಟವನ್ನು ಸರ್ಕಾರವೇ ಅಂದಾಜು ಮಾಡಿ ಭೂಕಂದಾಯದ ಬಾಕಿಯಂತೆ ವಸೂಲು ಮಾಡಬಹುದೆಂದಿತ್ತು. ಮಿಲ್ಲಿನವರು ಇಟ್ಟಿದ್ದ ಠೇವಣಿ ಬರಿಯ 500 ರೂಪಾಯಿ! ಷರತ್ತು ಮುರಿಯಿತೇ ಇಲ್ಲವೇ ಎಂಬುದೇ ವಿವಾದವಾಗಿರುವಾಗ, ಒಬ್ಬ ಪಕ್ಷಗಾರನೇ ತೀರ್ಪುಗಾರನಾಗಲಾರನೆಂದು 1987ರಲ್ಲಿ ಸುಪ್ರೀಂ ಕೋರ್ಟು ಹೇಳಿ, ಕರ್ನಾಟಕ ಸರ್ಕಾರದ ಮೇಲ್ಮನವಿಯನ್ನು ತಳ್ಳಿಹಾಕಿತು.

ಈಗ ವರ್ತಕರಾಗಿರುವ ನಮ್ಮ ಹಳೆಯ ವಿದ್ಯಾರ್ಥಿಗಳು ಗಮನಿಸಬೇಕಾದ ಇನ್ನೊಂದು ಸಂಗತಿಯಿದೆ. ಸಾಲದ ಅವಧಿ ಗೊತ್ತುಪಡಿಸದೆ ಮಾರಿದ ಸರಕಿನ ಬೆಲೆಗಾಗಿ ದಾವೆ ಹೂಡಲು 1963ರ ಕಾಲಮಿತಿ ಅಧಿನಿಯಮ ಕೊಡುವುದು ಸರಕು ಒಪ್ಪಿಸಿದ ದಿನದಿಂದ ಮೂರು ವರ್ಷ. ಸರ್ಕಾರದ ಮೇಲೆ ದಾವೆಯಾದರೆ ಸಾಮಾನ್ಯವಾಗಿ ಎರಡು ತಿಂಗಳು ಮುಂಚೆ ನೋಟೀಸು ಕೊಡಬೇಕು. ‘ಮುಂದಿನ ವಾರ ಬನ್ನಿ’ ಎಂಬ ಮಾತಿನಿಂದ ಆ ಮೂರು ವರ್ಷ ಒಂದು ದಿನವೂ ಹಿಗ್ಗುವುದಿಲ್ಲ. ಅವಧಿ ಮುಗಿಯುವ ಮೊದಲು ಬಾಕಿಯನ್ನು ಒಪ್ಪಿ ಸಹಿ ಮಾಡಿದ ಪತ್ರ ಕೈಗೆ ಬಂದರೆ, ಆ ಸಹಿಯ ದಿನದಿಂದ ಲೆಕ್ಕ ಹೊಸದಾಗಿ ಆರಂಭವಾಗುತ್ತದೆ.